ಕಲಾವಿದನ ಚರಿತ್ರೆ, ಚರಿತ್ರಕಾರನ ಧೈರ್ಯ: ರೋಮಾ ರೋಲಾನ ಬರವಣಿಗೆಯನ್ನು ಕುರಿತು

ಕನ್ನಡದ ಓದುಗರಿಗೆ ರೋಮಾ ರೋಲಾನ ಹೆಸರು ಹೊಸದಲ್ಲ. ಗಾಂಧೀಜಿಯವರನ್ನು ಯುರೋಪಿಗೆ ಪರಿಚಯಿಸಿದವನು, ಶ್ರೀರಾಮಕೃಷ್ಣ ಪರಮಹಂಸ ಮತ್ತು ಸ್ವಾಮಿ ವಿವೇಕಾನಂದರ ಜೀವನಚರಿತ್ರೆಗಳನ್ನು ಬರೆದವನು, ರವೀಂದ್ರರ ಮಿತ್ರ ಎಂಬ ಮೂರು ಮಾತುಗಳಲ್ಲಿ ಆ ಪರಿಚಯ ಸಾಮಾನ್ಯವಾಗಿ ಮುಗಿದುಹೋಗುತ್ತದೆ. ಭಾರತವನ್ನು ಮೆಚ್ಚಿದ ಪರದೇಶಿ ಎಂಬ ಕೃತಜ್ಞತೆಯಿಂದ ನಾವು ಅವನನ್ನು ನೆನೆಯುತ್ತೇವೆ. ಬರಹಗಾರನೆಂದು ಅವನನ್ನು ಓದುವುದು ಕಡಿಮೆ. ಗಾಂಧೀಜಿಯವರನ್ನು ಕುರಿತು ಬರೆಯುವ ಹೊತ್ತಿಗೆ ರೋಲಾನಿಗೆ ಐವತ್ತೇಳು ವರ್ಷ ದಾಟಿತ್ತು. ಅದಕ್ಕೆ ಮೊದಲೇ ಆತ ಹತ್ತು ಸಂಪುಟಗಳ ಒಂದು ಮಹಾಕಾದಂಬರಿಯನ್ನು ಬರೆದಿದ್ದ. ಮಿಲೆ, ಬೀಥೋವನ್, ಮೈಕೆಲೇಂಜೆಲೊ, ಹ್ಯಾಂಡೆಲ್, ಟಾಲ್‌ಸ್ಟಾಯ್ ಇವರ ಬದುಕನ್ನು ಚಿತ್ರಿಸಿದ್ದ. ನೊಬೆಲ್ ಪಾರಿತೋಷಕವನ್ನೂ ಪಡೆದಿದ್ದ. ಕಾದಂಬರಿಕಾರನೂ ಕಲಾವಿದರ ಚರಿತ್ರಕಾರನೂ ಆದ ಈ ರೋಲಾನನ್ನು ನಾವು ಗಮನಿಸಿದ್ದು ಸಾಲದು ಎಂಬುದು ನನ್ನ ಭಾವನೆ.

ಕಲಾವಿದನ ಜೀವನಚರಿತ್ರೆಯನ್ನು ಬರೆಯುವವನಿಗೆ ಪಾಂಡಿತ್ಯ ಬೇಕು, ಸಹಾನುಭೂತಿ ಬೇಕು. ಇವೆರಡೂ ಇದ್ದು, ಕಥಾನಾಯಕನ ದೌರ್ಬಲ್ಯವನ್ನು ಹೇಳುವ ಧೈರ್ಯ ಇಲ್ಲದೆ ಹೋದರೆ ಬರಹ ಸ್ತೋತ್ರವಾಗುತ್ತದೆ. ರೋಲಾ ಈ ಧೈರ್ಯವನ್ನು ತೋರಿದ ಕಡೆ ಅವನ ಬರವಣಿಗೆ ಇಂದಿಗೂ ಜೀವಂತವಾಗಿದೆ. ಅದನ್ನು ಕೈಬಿಟ್ಟ ಕಡೆ ಸೊರಗಿದೆ. ಈ ಎರಡು ನಿದರ್ಶನಗಳೂ ಕನ್ನಡದ ಜೀವನಚರಿತ್ರೆಗೆ ಪಾಠವಾಗಬಲ್ಲವು.

1

ರೋಲಾ ಹುಟ್ಟಿದ್ದು 1866ರ ಜನವರಿ 29ರಂದು, ಫ್ರಾನ್ಸಿನ ಕ್ಲಾಮ್ಸಿ ಎಂಬ ಸಣ್ಣ ಊರಿನಲ್ಲಿ. ತಂದೆ ದಸ್ತಾವೇಜುಗಳನ್ನು ಬರೆದು ದೃಢೀಕರಿಸುವ ನೋಟರಿ. ಮಗನ ವಿದ್ಯಾಭ್ಯಾಸಕ್ಕಾಗಿ ಕುಟುಂಬವು 1880ರಲ್ಲಿ ಪ್ಯಾರಿಸ್ಸಿಗೆ ಬಂತು. ತಂದೆ ತನ್ನ ಸ್ವತಂತ್ರ ವೃತ್ತಿಯನ್ನು ಬಿಟ್ಟು ಬ್ಯಾಂಕಿನ ಗುಮಾಸ್ತನಾಗಬೇಕಾಯಿತು. ತಾಯಿಯಿಂದ ಸಂಗೀತ ಬಂತು. ಪಿಯಾನೊ ಜೀವನಪರ್ಯಂತದ ಸಂಗಾತಿಯಾಯಿತು. 1886ರಲ್ಲಿ ಎಕೋಲ್ ನಾರ್ಮಲ್ ಎಂಬ ಪ್ರಸಿದ್ಧ ವಿದ್ಯಾಲಯವನ್ನು ಸೇರಿದ ತರುಣ ಅಲ್ಲಿ ಓದಿದ್ದು ಇತಿಹಾಸವನ್ನು.

ಆ ದಿನಗಳ ಒಂದು ಘಟನೆ ಅವನ ಮುಂದಿನ ಬಾಳಿಗೆ ದಿಕ್ಕು ತೋರಿತು. ಕಲೆ ನಿರುಪಯುಕ್ತ, ಅದು ಸುಖವಂತರ ವಿಲಾಸ ಎಂಬ ಟಾಲ್‌ಸ್ಟಾಯ್‌ಯ ವಾದದಿಂದ ಕಳವಳಗೊಂಡ ವಿದ್ಯಾರ್ಥಿ ನೇರವಾಗಿ ಅವನಿಗೇ ಕಾಗದ ಬರೆದ. 1887ರಲ್ಲಿ ರಷ್ಯಾದಿಂದ ಬಹು ದೀರ್ಘವಾದ ಉತ್ತರ ಬಂತು. ಜಗತ್ಪ್ರಸಿದ್ಧನಾದ ಲೇಖಕ ಇಪ್ಪತ್ತೊಂದು ವರ್ಷದ ಅಪರಿಚಿತನನ್ನು ಸಹೋದರನೆಂದು ಸಂಬೋಧಿಸಿ ಬರೆದಿದ್ದ. ಆ ಉತ್ತರದ ತತ್ತ್ವಕ್ಕಿಂತ ಉತ್ತರಿಸಿದ ರೀತಿ ರೋಲಾನ ಮನಸ್ಸನ್ನು ಹಿಡಿಯಿತು. ದೊಡ್ಡ ಕಲಾವಿದನಾದವನು ಸಂಕಟದಲ್ಲಿರುವ ಮನುಷ್ಯನಿಗೆ ಸ್ಪಂದಿಸಬೇಕೆಂಬ ನಂಬಿಕೆ ಅವನಲ್ಲಿ ಬೇರೂರಿತು. ಆತ ಮುಂದೆ ಬರೆದ ಚರಿತ್ರೆಗಳೆಲ್ಲ ಒಂದರ್ಥದಲ್ಲಿ ಇಂಥ ಕಾಗದಗಳೇ. ಸಂಕಟದಲ್ಲಿರುವ ಅಪರಿಚಿತ ಓದುಗನಿಗೆ ಬರೆದವು.

1889ರಿಂದ 1891ರವರೆಗೆ ರೋಲಾ ರೋಮ್ ನಗರದ ಫ್ರೆಂಚ್ ವಿದ್ಯಾಕೇಂದ್ರದಲ್ಲಿದ್ದ. ವ್ಯಾಗ್ನರ್ ಮತ್ತು ನೀತ್ಶೆ ಇಬ್ಬರನ್ನೂ ಹತ್ತಿರದಿಂದ ಬಲ್ಲ ಮಾಲ್ವಿಡಾ ಫಾನ್ ಮೈಸೆನ್‌ಬುಗ್ ಎಂಬ ವೃದ್ಧೆಯ ಸ್ನೇಹ ಅಲ್ಲಿ ದೊರೆಯಿತು. ತನ್ನ ಕಾದಂಬರಿಯ ನಾಯಕ ಮೊದಲು ಮನಸ್ಸಿಗೆ ಹೊಳೆದದ್ದು ರೋಮ್ ನಗರದ ಜಾನಿಕುಲಂ ಗುಡ್ಡದ ಮೇಲೆ ಎಂದು ಆತನೇ ಹೇಳಿಕೊಂಡಿದ್ದಾನೆ. 1895ರಲ್ಲಿ ಪಡೆದ ಡಾಕ್ಟರೇಟಿಗೆ ಅಂದಿನ ಪದ್ಧತಿಯಂತೆ ಎರಡು ಪ್ರಬಂಧಗಳನ್ನು ಬರೆದ: ಒಂದು ಯುರೋಪಿನ ಸಂಗೀತನಾಟಕದ ಉಗಮವನ್ನು ಕುರಿತದ್ದು, ಇನ್ನೊಂದು, ಲ್ಯಾಟಿನ್ ಭಾಷೆಯಲ್ಲಿ, ಹದಿನಾರನೆಯ ಶತಮಾನದ ಇಟಲಿಯಲ್ಲಿ ಚಿತ್ರಕಲೆ ಏಕೆ ಕ್ಷೀಣಿಸಿತು ಎಂಬುದನ್ನು ಕುರಿತದ್ದು. ಬಳಿಕ ಎಕೋಲ್ ನಾರ್ಮಲ್‌ನಲ್ಲಿ ಕಲೆಯ ಇತಿಹಾಸವನ್ನೂ, 1904ರಿಂದ ಸೋರ್ಬಾನಿನಲ್ಲಿ ಸಂಗೀತದ ಇತಿಹಾಸವನ್ನೂ ಬೋಧಿಸಿದ. ಅವನ ಕಲಾವಿದರ ಚರಿತ್ರೆಗಳ ಹಿಂದೆ ದಾಖಲೆಗಳನ್ನು ಓದಬಲ್ಲ ಇತಿಹಾಸಕಾರನ ಈ ಶಿಸ್ತು ಇದೆ.

2

ರೋಲಾನಿಗೆ ಹೆಸರು ತಂದದ್ದು 1903ರಲ್ಲಿ ಪ್ರಕಟವಾದ ಬೀಥೋವನ್ ಚರಿತ್ರೆ. ಕವಿ ಶಾರ್ಲ್ ಪೆಗಿ ಚಂದಾದಾರರನ್ನು ನೆಚ್ಚಿ ನಡೆಸುತ್ತಿದ್ದ ಪಾಕ್ಷಿಕ ಪುಸ್ತಿಕೆಗಳ ಮಾಲೆಯಲ್ಲಿ ಅದು ಬಂತು. ಪುಸ್ತಕ ಸಣ್ಣದು, ಆದರೆ ಅದರ ಪರಿಣಾಮ ದೊಡ್ಡದು. ಆ ವೇಳೆಗೆ ರೋಲಾನ ಮೊದಲ ಮದುವೆ ಮುರಿದುಬಿದ್ದು ಎರಡು ವರ್ಷವಾಗಿತ್ತು. ಬರೆದ ನಾಟಕಗಳು ನಿರೀಕ್ಷಿಸಿದಷ್ಟು ಗೆದ್ದಿರಲಿಲ್ಲ. ಕಿವುಡುತನದೊಂದಿಗೆ ಸೆಣಸಿ ಸಂಗೀತವನ್ನು ಸೃಷ್ಟಿಸಿದ ಬೀಥೋವನ್ ಅವನಿಗೆ ಆಶ್ರಯವಾದ. ಬುದ್ಧಿಯಿಂದಲೋ ಬಲದಿಂದಲೋ ಗೆದ್ದವರನ್ನು ವೀರರೆಂದು ಕರೆಯಲು ರೋಲಾ ಒಪ್ಪುವುದಿಲ್ಲ. ಹೃದಯದಿಂದ ದೊಡ್ಡವರಾದವರು ಮಾತ್ರ ಅವನಿಗೆ ವೀರರು. ಈ ಅರ್ಥದ ವೀರಚರಿತ್ರೆಗಳ ಮಾಲೆಯೊಂದನ್ನು ಬರೆಯುವುದು ಅವನ ಸಂಕಲ್ಪವಾಗಿತ್ತು.

ಮರುವರ್ಷ, 1904ರಲ್ಲಿ, ಅದೇ ಪುಸ್ತಿಕೆಗಳ ಮಾಲೆಯಲ್ಲಿ 'ಜಾಂ ಕ್ರಿಸ್ತೋಫ್' ಕಾದಂಬರಿ ಆರಂಭವಾಯಿತು; 1912ರಲ್ಲಿ ಮುಗಿಯಿತು. ರೈನ್ ನದಿಯ ದಡದ ಸಣ್ಣ ಜರ್ಮನ್ ಊರೊಂದರಲ್ಲಿ ಹುಟ್ಟಿದ ಸಂಗೀತಗಾರನ ಜೀವನ ಅದರ ವಸ್ತು. ಕುಡುಕ ತಂದೆ, ದುಡಿಯುವ ತಾಯಿ, ಹುಡುಗನನ್ನು ಬಾಲಪ್ರತಿಭೆಯೆಂದು ಮೆರೆಸುವ ಅಜ್ಜ ಇವರನ್ನೆಲ್ಲ ಓದುವಾಗ ಬೀಥೋವನ್‌ನ ಬಾಲ್ಯ ನೆನಪಿಗೆ ಬರುತ್ತದೆ. ಚರಿತ್ರೆಯಲ್ಲಿ ಆಧಾರವಿಲ್ಲದೆ ಹೇಳಲಾಗದ್ದನ್ನು ರೋಲಾ ಕಾದಂಬರಿಯಲ್ಲಿ ಹೇಳಿದ. ಎರಡೂ ಒಂದೇ ಕೃಷಿಯ ಎರಡು ಫಸಲುಗಳು.

ಈ ಕಾದಂಬರಿಯ ಒಂದು ಪ್ರಸಂಗ ನನ್ನ ವಾದಕ್ಕೆ ಮುಖ್ಯವಾದದ್ದು. ತಾನು ಕಟ್ಟಿದ ರಾಗಗಳಿಗಾಗಿ ಮನೆಯವರ ಹೊಗಳಿಕೆ ಪಡೆದು ಬೀಗುತ್ತಿರುವ ಹುಡುಗ ಅವುಗಳನ್ನು ತನ್ನ ಸೋದರಮಾವ ಗಾಟ್‌ಫ್ರೀಡ್‌ಗೆ ಕೇಳಿಸುತ್ತಾನೆ. ಮಾವ ಊರೂರು ಅಲೆದು ಸಣ್ಣಪುಟ್ಟ ಸಾಮಾನು ಮಾರುವ ಬಡವ. ಮನೆಯಲ್ಲಿ ಅವನಿಗೆ ಗೌರವವಿಲ್ಲ. ಅವನು ಕೇಳಿ, ಇದು ಚೆನ್ನಾಗಿಲ್ಲ ಎನ್ನುತ್ತಾನೆ. ಹೇಳಬೇಕಾದ ಏನೂ ಇಲ್ಲದಿದ್ದರೂ, ದೊಡ್ಡ ಸಂಗೀತಗಾರನೆನ್ನಿಸಿಕೊಳ್ಳಲು, ಮೆಚ್ಚಿಸಲು ಬರೆದಿದ್ದೀಯೆ ಎಂದು ಮೆಲ್ಲಗೆ ತಿಳಿಹೇಳುತ್ತಾನೆ. ಹುಡುಗ ಸಿಟ್ಟಾಗುತ್ತಾನೆ, ಆದರೆ ಮಾವ ಹೇಳಿದ್ದು ನಿಜವೆಂದು ಅವನ ಒಳಮನಸ್ಸಿಗೆ ಗೊತ್ತು. ರೋಲಾನ ಕಲಾದರ್ಶನವೆಲ್ಲ ಈ ಪ್ರಸಂಗದಲ್ಲಿದೆ. ಹೊಗಳುವ ಅಜ್ಜನಿಗಿಂತ, ನಿಜ ಹೇಳುವ ಮಾವನೇ ಕಲಾವಿದನನ್ನು ಬೆಳೆಸುವವನು. ಚರಿತ್ರಕಾರನ ಮುಂದೆಯೂ ಇರುವ ಆಯ್ಕೆ ಇದೇ: ಅಜ್ಜನಾಗಬೇಕೋ, ಸೋದರಮಾವನಾಗಬೇಕೋ?

3

ರೋಲಾ ಸೋದರಮಾವನಾದದ್ದು ಮೈಕೆಲೇಂಜೆಲೊ ವಿಷಯದಲ್ಲಿ. ಈ ಮಹಾಶಿಲ್ಪಿಯ (1475–1564) ಚರಿತ್ರೆ ಅವನು ಬದುಕಿದ್ದಾಗಲೇ ಆರಂಭವಾಗಿತ್ತು. ವಸಾರಿ 1550ರಲ್ಲಿಯೂ ಶಿಷ್ಯ ಕೊಂಡಿವಿ 1553ರಲ್ಲಿಯೂ ಅವನ ಬದುಕನ್ನು ಬರೆದರು. ಅವನನ್ನು ದೇವರು ಕಳಿಸಿದವನೆಂಬಂತೆ ನೋಡುವ ರೂಢಿ ಆಗಲೇ ಬಂತು. ಬಂಧುಗಳ ಅಭಿಮಾನ ಅದಕ್ಕೂ ಮುಂದೆ ಹೋಯಿತು. 1623ರಲ್ಲಿ ಅವನ ಕವಿತೆಗಳನ್ನು ಮೊದಲು ಅಚ್ಚು ಹಾಕಿಸಿದ ವಂಶಜನೊಬ್ಬ, ಗಂಡಸರನ್ನು ಉದ್ದೇಶಿಸಿದ ಕವಿತೆಗಳು ಹೆಂಗಸರನ್ನು ಉದ್ದೇಶಿಸಿದವುಗಳಂತೆ ತೋರಲೆಂದು ಪಾಠವನ್ನೇ ತಿದ್ದಿದ. ಮೂಲದ ಪಾಠ ಲೋಕಕ್ಕೆ ತಿಳಿದದ್ದು 1863ರ ಗ್ವಾಸ್ತಿಯ ಆವೃತ್ತಿಯಿಂದ. ಮನೆತನದ ಮರ್ಯಾದೆಗಾಗಿ ಒಬ್ಬ ಕವಿಯನ್ನು ಇನ್ನೂರ ನಲವತ್ತು ವರ್ಷ ಬಚ್ಚಿಡಲಾಯಿತು.

ರೋಲಾ ಈ ಪತ್ರಗಳನ್ನೂ ಕವಿತೆಗಳನ್ನೂ ಆಧಾರವಾಗಿಟ್ಟುಕೊಂಡ. ಅವು ಕಾಣಿಸಿದ ಮನುಷ್ಯ ವೀರನ ಅಚ್ಚಿಗೆ ಹೊಂದುವವನಾಗಿರಲಿಲ್ಲ. 1529ರಲ್ಲಿ ಫ್ಲಾರೆನ್ಸ್ ನಗರಕ್ಕೆ ಮುತ್ತಿಗೆ ಸನ್ನಿಹಿತವಾಗಿದ್ದಾಗ ಕೋಟೆಯ ಕೆಲಸದ ಹೊಣೆ ಹೊತ್ತಿದ್ದ ಮೈಕೆಲೇಂಜೆಲೊ ಭಯಗೊಂಡು ವೆನಿಸ್ಸಿಗೆ ಓಡಿಹೋದ, ಆಮೇಲೆ ಹಿಂದಿರುಗಿದ. ಎರಡನೆಯ ಜೂಲಿಯಸ್ ಪೋಪನ ಸಮಾಧಿಶಿಲ್ಪವನ್ನು 1505ರಲ್ಲಿ ಒಪ್ಪಿಕೊಂಡು, ಒಪ್ಪಂದಗಳನ್ನು ಮತ್ತೆ ಮತ್ತೆ ಬದಲಿಸಿ, ಮೂಲ ಯೋಜನೆಯ ಒಂದು ಭಾಗವನ್ನು ಮಾತ್ರ 1545ರಲ್ಲಿ ಮುಗಿಸಿದ. ಸಂಶಯ, ಜಿಪುಣತನ, ಅಧಿಕಾರಸ್ಥರ ಮುಂದೆ ಕುಗ್ಗುವುದು, ತನ್ನವರ ಮೇಲೆ ಸಿಡಿಯುವುದು ಇವೆಲ್ಲ ಕಾಗದಗಳಲ್ಲಿವೆ. ರೋಲಾ ಯಾವುದನ್ನೂ ಮುಚ್ಚಲಿಲ್ಲ. ಪ್ರತಿಭೆ ದೊಡ್ಡದು, ಇಚ್ಛಾಶಕ್ತಿ ದುರ್ಬಲ. ಈ ಎರಡರ ನಡುವಣ ತಿಕ್ಕಾಟವೇ ಅವನ ದುರಂತ ಎಂಬುದು ರೋಲಾನ ನಿರ್ಣಯ. ಪುಸ್ತಕದ ಎರಡು ಭಾಗಗಳಲ್ಲಿ ಒಂದಕ್ಕೆ ಹೋರಾಟ ಎಂಬ ಹೆಸರಿದ್ದರೆ ಇನ್ನೊಂದಕ್ಕೆ ಪರಿತ್ಯಾಗ ಎಂಬ ಹೆಸರು.

ಇದನ್ನು ಓದಿದ ಮೇಲೆ ಮೈಕೆಲೇಂಜೆಲೊ ನಮ್ಮ ದೃಷ್ಟಿಯಲ್ಲಿ ಕುಗ್ಗುತ್ತಾನೆಯೇ? ನನಗೆ ಹಾಗೆನ್ನಿಸುವುದಿಲ್ಲ. ಇಷ್ಟು ಭಯಪಡುವ ಮನುಷ್ಯ ಸಿಸ್ಟೈನ್ ಚಾವಣಿಯ ಕೆಳಗೆ 1508ರಿಂದ 1512ರವರೆಗೆ ಹೇಗೆ ನಿಂತ ಎಂಬ ಬೆರಗು ಹುಟ್ಟುವುದು ಭಯದ ಸಂಗತಿ ತಿಳಿದವನಿಗೆ ಮಾತ್ರ.

ಒಂದು ಕೊರತೆಯನ್ನೂ ಹೇಳಬೇಕು. ಶಿಲ್ಪ ಮತ್ತು ಚಿತ್ರಗಳ ವಿವೇಚನೆಗೆ ರೋಲಾ 1905ರಲ್ಲಿ ಬೇರೆಯೇ ಒಂದು ಪುಸ್ತಕವನ್ನು ಬರೆದಿದ್ದ. ಜೀವನಚರಿತ್ರೆ ಅದರ ಅನಂತರ ಬಂತು. ಹೀಗಾಗಿ ಮನುಷ್ಯ ಒಂದು ಪುಸ್ತಕದಲ್ಲಿ, ಅವನ ಕೈಕೆಲಸ ಇನ್ನೊಂದರಲ್ಲಿ ಉಳಿದವು. ಚರಿತ್ರೆಯಲ್ಲಿ ಕಣ್ಣೀರು ಕಾಣುವಷ್ಟು ಕಲ್ಲು ಕಾಣುವುದಿಲ್ಲ. ದುಃಖ ಎಲ್ಲರಿಗೂ ಇದೆ. ಅದು ಒಬ್ಬನ ಕೈಯಲ್ಲಿ ಮಾತ್ರ ಶಿಲ್ಪವಾದದ್ದು ಹೇಗೆಂಬ ಪ್ರಶ್ನೆಗೆ ದುಃಖದ ವರ್ಣನೆಯೊಂದೇ ಉತ್ತರವಾಗದು.

4

ಮೊದಲ ಮಹಾಯುದ್ಧ ರೋಲಾನನ್ನು ಸಾರ್ವಜನಿಕ ವ್ಯಕ್ತಿಯನ್ನಾಗಿ ಮಾಡಿತು. ಜಿನೀವಾದಲ್ಲಿ ನಿಂತು ರೆಡ್ ಕ್ರಾಸ್ ಸಂಸ್ಥೆಯ ಯುದ್ಧಕೈದಿಗಳ ವಿಭಾಗದಲ್ಲಿ ದುಡಿಯುತ್ತ, 1914ರ ಸೆಪ್ಟೆಂಬರಿನಲ್ಲಿ ಎರಡು ಕಡೆಯ ದ್ವೇಷವನ್ನೂ ಖಂಡಿಸಿ ಬರೆದ ಲೇಖನಕ್ಕಾಗಿ ಸ್ವದೇಶದಲ್ಲಿ ದ್ರೋಹಿಯೆನ್ನಿಸಿಕೊಂಡ. 1915ನೆಯ ವರ್ಷದ ನೊಬೆಲ್ ಪಾರಿತೋಷಕ ಅವನಿಗೆ ಸಂದದ್ದು 1916ರಲ್ಲಿ. ಆ ಹಣವನ್ನು ಪರೋಪಕಾರಕ್ಕೆ ಕೊಟ್ಟುಬಿಟ್ಟ. 1922ರಿಂದ ಸ್ವಿಟ್ಜರ್ಲೆಂಡಿನ ವಿಲ್‌ನವ್ ಎಂಬಲ್ಲಿ ನೆಲಸಿದ. ಭಾರತದ ಕಡೆಗೆ ಅವನ ಗಮನ ಗಾಢವಾಗಿ ಹರಿದದ್ದು ಅಲ್ಲಿ.

ಗಾಂಧೀಜಿಯವರ ಮೇಲಿನ ಪುಸ್ತಕ 1924ರಲ್ಲಿಯೂ, ರಾಮಕೃಷ್ಣರದು 1929ರಲ್ಲಿಯೂ, ವಿವೇಕಾನಂದರದು 1930ರಲ್ಲಿಯೂ ಬಂದವು. ಇವುಗಳ ಪ್ರಭಾವ ಸಣ್ಣದಲ್ಲ. ಬೀಥೋವನ್‌ನ ಸಂಗೀತದ ಆರಾಧಕಿಯಾಗಿ ರೋಲಾನ ಬಳಿಗೆ ಬಂದ ಇಂಗ್ಲಿಷ್ ತರುಣಿ ಮೆಡಲೀನ್ ಸ್ಲೇಡ್ ಅವನಿಂದ ಗಾಂಧೀಜಿಯ ವಿಷಯ ತಿಳಿದು, 1925ರಲ್ಲಿ ಸಾಬರಮತಿಗೆ ಬಂದು ಮೀರಾಬೆನ್ ಆದರು. ಒಬ್ಬ ಸಂಗೀತಗಾರನ ಚರಿತ್ರೆಯನ್ನು ಬರೆದವನು ನಮ್ಮ ಸ್ವಾತಂತ್ರ್ಯದ ಚರಿತ್ರೆಗೆ ಹೀಗೆ ಒಬ್ಬ ಸೇವಕಿಯನ್ನು ಕೊಟ್ಟ. 1931ರ ಡಿಸೆಂಬರಿನಲ್ಲಿ ಗಾಂಧೀಜಿಯವರೇ ವಿಲ್‌ನವ್‌ಗೆ ಹೋದಾಗ ರೋಲಾ ಅವರಿಗಾಗಿ ಬೀಥೋವನ್‌ನನ್ನು ಪಿಯಾನೊದಲ್ಲಿ ನುಡಿಸಿದ.

ಆದರೆ ಚರಿತ್ರೆಯಾಗಿ ಈ ಮೂರು ಪುಸ್ತಕಗಳು ಮೈಕೆಲೇಂಜೆಲೊ ಮಟ್ಟದವಲ್ಲ ಎಂದೇ ನನ್ನ ಅಭಿಪ್ರಾಯ. ರೋಲಾ ಭಾರತಕ್ಕೆ ಬರಲಿಲ್ಲ. ನಮ್ಮ ಭಾಷೆಗಳಿರಲಿ, ಇಂಗ್ಲಿಷಿಗೂ ಅವನು ತಂಗಿ ಮೆಡಲೀನಳನ್ನು ಅವಲಂಬಿಸಿದ್ದ. ಸಾಮಗ್ರಿ ಬಹುಪಾಲು ಭಕ್ತರಿಂದ ಮತ್ತು ಅನುಯಾಯಿಗಳಿಂದ ಬಂದದ್ದು. ಇಟಲಿಯ ಕಾಗದಪತ್ರಗಳ ಮುಂದೆ ಇತಿಹಾಸಕಾರನಾಗಿದ್ದವನು ಇಲ್ಲಿ ಶ್ರದ್ಧಾವಂತ ಶ್ರೋತೃವಾಗಿದ್ದಾನೆ. ನಾವು ಹೆಚ್ಚಾಗಿ ಮೆಚ್ಚಿದ್ದು ಈ ಪುಸ್ತಕಗಳನ್ನೇ ಎಂಬುದು ನಮ್ಮ ಅಭಿರುಚಿಯ ಬಗ್ಗೆಯೂ ಏನನ್ನೋ ಹೇಳುತ್ತದೆ.

5

ವೀರರನ್ನು ಅರಸುವ ಮನಸ್ಸಿಗೆ ಬರುವ ಅಪಾಯ 1935ರಲ್ಲಿ ಎದುರಾಯಿತು. ಅದಕ್ಕೆ ಒಂಬತ್ತು ವರ್ಷ ಹಿಂದೆ, 1926ರಲ್ಲಿ, ರವೀಂದ್ರನಾಥ ಟಾಗೋರರು ಮುಸೊಲಿನಿಯ ಆತಿಥ್ಯದಲ್ಲಿ ಇಟಲಿಯನ್ನು ಕಂಡು ರೋಲಾನ ಮನೆಗೆ ಬಂದಿದ್ದರು. ಆತಿಥ್ಯದ ಹಿಂದಿದ್ದ ಕ್ರೌರ್ಯವನ್ನು ರೋಲಾ ಅವರಿಗೆ ಬಿಡಿಸಿ ಹೇಳಿದ. ಆಮೇಲೆ ಕವಿಗಳು ಫ್ಯಾಸಿಸಂ ಅನ್ನು ನಿರಾಕರಿಸಿ ಬಹಿರಂಗವಾಗಿ ಬರೆದರು. 1935ರ ಜೂನ್‌ನಲ್ಲಿ ರೋಲಾ ತಾನೇ ಇಂಥ ಅತಿಥಿಯಾಗಿ ಮಾಸ್ಕೋಗೆ ಹೋದ. ಸ್ಟಾಲಿನ್ ಅವನನ್ನು ಬರಮಾಡಿಕೊಂಡ. ಬಂಧನದಲ್ಲಿದ್ದ ಲೇಖಕ ವಿಕ್ಟರ್ ಸೆರ್ಜ್‌ನ ಪ್ರಶ್ನೆಯನ್ನೂ, ಹನ್ನೆರಡು ವರ್ಷ ದಾಟಿದ ಮಕ್ಕಳಿಗೂ ಮರಣದಂಡನೆಯನ್ನು ವಿಸ್ತರಿಸಿದ ಕಾನೂನಿನ ಪ್ರಶ್ನೆಯನ್ನೂ ರೋಲಾ ಎತ್ತಿದ. ಸೆರ್ಜ್ ಮರುವರ್ಷ ಬಿಡುಗಡೆಯಾದ. ಇದು ಅವನ ಹಿರಿಮೆ.

ಆದರೆ ತಾನು ಕಂಡು ಅನುಮಾನಿಸಿದ್ದನ್ನು ಆತ ದಿನಚರಿಯಲ್ಲಿ ಬರೆದು, ಐವತ್ತು ವರ್ಷ ಪ್ರಕಟಿಸಬಾರದೆಂದು ಕಟ್ಟಿಟ್ಟ. ಅದು ಮೂಲ ಫ್ರೆಂಚಿನಲ್ಲಿ ಅಚ್ಚಾದದ್ದು 1992ರಲ್ಲಿ. ಆ ವೇಳೆಗೆ ಸೋವಿಯತ್ ಒಕ್ಕೂಟವೇ ಇರಲಿಲ್ಲ. ಆಂದ್ರೆ ಜೀದ್ 1936ರಲ್ಲಿ ತಾನು ಕಂಡ ನಿರಾಶೆಯನ್ನು ಬಹಿರಂಗವಾಗಿ ಬರೆದಾಗ ರೋಲಾ ಅವನನ್ನು ಖಂಡಿಸಿದ. ಬುಖಾರಿನ್‌ನ ಪ್ರಾಣ ಉಳಿಸೆಂದು ಸ್ಟಾಲಿನ್‌ಗೆ ಖಾಸಗಿಯಾಗಿ ಬರೆದವನೂ ಅವನೇ. ಫ್ಯಾಸಿಸಂನ ವಿರುದ್ಧ ನಿಲ್ಲಬಲ್ಲ ಶಕ್ತಿ ಅದೊಂದೇ ಎಂಬ ನಂಬಿಕೆಯಿಂದ ಹೀಗೆ ಮಾಡಿದನೆಂದು ಸಮರ್ಥಿಸಬಹುದು. ಆ ಕಾಲದ ಒತ್ತಡವನ್ನು ನಾವು ಕಡೆಗಣಿಸಲಾಗದು. ಆದರೂ ಮೈಕೆಲೇಂಜೆಲೊನ ಭಯವನ್ನು ಮುಚ್ಚದವನು ತನ್ನ ಕಾಲದ ಭಯವನ್ನು ಮುಚ್ಚಿದ ಎಂಬ ಮಾತು ಉಳಿಯುತ್ತದೆ. ಸತ್ತವರ ವಿಷಯದಲ್ಲಿ ಸಾಧ್ಯವಾದ ಸತ್ಯ ಬದುಕಿರುವವರ ವಿಷಯದಲ್ಲಿ ಸಾಧ್ಯವಾಗಲಿಲ್ಲ. ಹಿಟ್ಲರನ ಸೈನ್ಯದ ಆಕ್ರಮಣದ ವರ್ಷಗಳನ್ನು ವೆಜ್ಲೆಯಲ್ಲಿ ಕಳೆದು, ಹಳೆಯ ಗೆಳೆಯ ಪೆಗಿಯ ಚರಿತ್ರೆಯನ್ನು ಬರೆದು, ರೋಲಾ 1944ರ ಡಿಸೆಂಬರ್ 30ರಂದು ತೀರಿಕೊಂಡ.

6

ಈಗ ನಮ್ಮ ಕಡೆಗೆ ನೋಡೋಣ. ಕಲಾವಿದನನ್ನು ಕುರಿತು ಬರೆಯುವ ಧೈರ್ಯ ಕನ್ನಡಕ್ಕೆ ಇಲ್ಲವೆನ್ನುವಂತಿಲ್ಲ. ಮಾಸ್ತಿಯವರ 'ಸುಬ್ಬಣ್ಣ', ಅ.ನ.ಕೃ. ಅವರ 'ಸಂಧ್ಯಾರಾಗ'ಗಳಿಂದ ಎಸ್.ಎಲ್. ಭೈರಪ್ಪನವರ 'ಮಂದ್ರ'ದವರೆಗೆ ಸಂಗೀತಗಾರನ ಬದುಕು ನಮ್ಮ ಕಥನಸಾಹಿತ್ಯದ ವಸ್ತುವಾಗಿದೆ. ಕಲೆಯ ಎತ್ತರಕ್ಕೂ ಕಲಾವಿದನ ನಡತೆಗೂ ನಡುವಣ ಕಂದರವನ್ನು 'ಮಂದ್ರ' ಎಷ್ಟು ನಿಷ್ಠುರವಾಗಿ ನೋಡುತ್ತದೆಂಬುದು ಓದಿದವರಿಗೆ ಗೊತ್ತು. ಕಲಾವಿದರ ಆತ್ಮಕಥೆಗಳೂ ಇವೆ. ಮಲ್ಲಿಕಾರ್ಜುನ ಮನ್ಸೂರರ 'ನನ್ನ ರಸಯಾತ್ರೆ' ಅವುಗಳಲ್ಲೊಂದು. ಡಿ.ವಿ.ಜಿ. ಅವರ 'ಜ್ಞಾಪಕ ಚಿತ್ರಶಾಲೆ' ಕಲೋಪಾಸಕರಿಗೆ ಒಂದು ಸಂಪುಟವನ್ನೇ ಮೀಸಲಿಟ್ಟಿದೆ. ಕುವೆಂಪು ಅವರು ರಾಮಕೃಷ್ಣ, ವಿವೇಕಾನಂದರ ಚರಿತ್ರೆಗಳನ್ನು ಬರೆದರು. ಶಿವರಾಮ ಕಾರಂತರು ಕಾದಂಬರಿಯ ಜೊತೆಯಲ್ಲೇ ಚಿತ್ರಕಲೆ, ಯಕ್ಷಗಾನಗಳ ಶಾಸ್ತ್ರವನ್ನೂ ಬರೆದರು.

ಕೊರತೆ ಇರುವುದು ನಡುವಣ ಪ್ರಕಾರದಲ್ಲಿ. ದಾಖಲೆಗಳನ್ನು ಆಧರಿಸಿ, ಕಾದಂಬರಿಕಾರನ ಒಳನೋಟದಿಂದ, ಒಬ್ಬ ಕಲಾವಿದನ ಪೂರ್ಣ ಜೀವನವನ್ನು ಗುಣದೋಷಗಳೊಡನೆ ಬರೆಯುವ ಕೆಲಸ ನಮ್ಮಲ್ಲಿ ತೀರ ವಿರಳ. ಕಾದಂಬರಿಯಲ್ಲಿ ಕಲ್ಪಿತ ಹೆಸರಿನ ಮರೆಯಲ್ಲಿ ನಾವು ಎಲ್ಲವನ್ನೂ ಹೇಳುತ್ತೇವೆ. ನಿಜವಾದ ಹೆಸರು ಬಂದೊಡನೆ ಕೈ ನಡುಗುತ್ತದೆ. ಅಭಿನಂದನ ಗ್ರಂಥಗಳು ಮತ್ತು ಸಂಸ್ಮರಣ ಸಂಪುಟಗಳು ಈ ಜಾಗವನ್ನು ತುಂಬಿಕೊಂಡಿವೆ. ಅವುಗಳ ಉಪಯೋಗವನ್ನು ನಾನು ಅಲ್ಲಗಳೆಯುತ್ತಿಲ್ಲ. ಈ ಮಾತೂ ಅಂಥದೊಂದು ಸಂಪುಟದಲ್ಲಿಯೇ ಅಚ್ಚಾಗುತ್ತಿದೆ. ಆದರೆ ಗೌರವಿಸುವುದಕ್ಕೂ ಅರಿಯುವುದಕ್ಕೂ ಇರುವ ವ್ಯತ್ಯಾಸ ಅಳಿಸಿಹೋದರೆ ನಷ್ಟವಾಗುವುದು ಆ ಕಲಾವಿದರಿಗೇ. ಹೊಗಳಿಕೆಯ ವಿಶೇಷಣಗಳು ಎಲ್ಲರಿಗೂ ಒಂದೇ ಆಗಿರುವುದರಿಂದ ಒಬ್ಬರ ಮುಖ ಇನ್ನೊಬ್ಬರದರಂತೆ ಕಾಣತೊಡಗುತ್ತದೆ.

ಮುಂಬಯಿಯಂಥ ನಗರದ ಕನ್ನಡ ವಿಭಾಗಕ್ಕೆ ಇಲ್ಲಿ ವಿಶೇಷ ಅವಕಾಶವಿದೆ. ಉಡುಪಿಯ ಬಳಿಯ ಕಟ್ಟಿಂಗೇರಿಯಲ್ಲಿ ಹುಟ್ಟಿದ ಕೆ.ಕೆ. ಹೆಬ್ಬಾರರು (1911–1996) ಇಲ್ಲಿಯ ಜೆ.ಜೆ. ಕಲಾಶಾಲೆಯಲ್ಲಿ ಕಲಿತು, ಕಲಿಸಿ, ಪ್ಯಾರಿಸ್ಸಿನ ಅಕಾಡೆಮಿ ಜೂಲಿಯನ್‌ನಲ್ಲಿ ಅಭ್ಯಾಸ ಮಾಡಿ, ಮತ್ತೆ ಈ ನಗರದಲ್ಲೇ ಬಾಳಿದರು. ಅವರ ಬಗ್ಗೆ ಲೇಖನಗಳಿವೆ, ಪುಸ್ತಕಗಳಿವೆ. ಆದರೆ ತುಳುನಾಡಿನ ಹಳ್ಳಿಯ ಕಣ್ಣು ಮಹಾನಗರದ ಬಣ್ಣಗಳನ್ನು ಹೇಗೆ ಕಂಡಿತು, ಹೊಟ್ಟೆಪಾಡಿಗೂ ಕಲೆಗೂ ನಡುವೆ ಏನೇನು ಸಂಧಾನಗಳು ನಡೆದವು ಎಂಬುದನ್ನು ಕಾದಂಬರಿಕಾರನೊಬ್ಬ ಆಧಾರಸಹಿತವಾಗಿ ಬರೆದರೆ ಅದು ಬೇರೆಯೇ ಬಗೆಯ ಪುಸ್ತಕವಾದೀತು. ಹೆಬ್ಬಾರರದು ಪ್ರಸಿದ್ಧವಾದ ಹೆಸರು. ಇಲ್ಲಿ ರಂಗಭೂಮಿ, ಯಕ್ಷಗಾನ, ಸಂಗೀತಗಳಲ್ಲಿ ದುಡಿದ ಎಷ್ಟೋ ಕನ್ನಡಿಗರ ಕಾಗದಪತ್ರಗಳು ಮನೆಗಳ ಅಟ್ಟದ ಮೇಲಿವೆ. ಮನೆ ಬದಲಾಯಿಸುವಾಗ ರದ್ದಿಗೆ ಹೋಗುತ್ತಿವೆ. ಮುಂದಿನ ತಲೆಮಾರಿನವರಿಗೆ ಆ ಕನ್ನಡ ಕೈಬರಹವನ್ನು ಓದಲು ಬಾರದೆ ಹೋಗುವ ಸಂಭವವೂ ಉಂಟು. ನಮ್ಮ ಸಂಶೋಧನ ವಿದ್ಯಾರ್ಥಿಗಳು ವಿಷಯಗಳನ್ನು ಆರಿಸಿಕೊಳ್ಳುವಾಗ ಈ ಅಟ್ಟಗಳ ಕಡೆಗೂ ಕಣ್ಣು ಹಾಯಿಸಬೇಕು. ಆಕರಗಳನ್ನು ಹುಡುಕಿ, ಹೋಲಿಸಿ, ನಿರೂಪಿಸುವ ಜೀವನಚರಿತ್ರೆಯನ್ನು ವಿಶ್ವವಿದ್ಯಾಲಯಗಳು ಪೂರ್ಣ ಪ್ರಮಾಣದ ಸಂಶೋಧನೆಯೆಂದು ಮನ್ನಿಸಬೇಕು.

ಹಾಗೆ ಬರೆಯಹೊರಡುವವರು ರೋಲಾನನ್ನು ಓದುವುದಾದರೆ ಮೈಕೆಲೇಂಜೆಲೊ ಚರಿತ್ರೆಯಿಂದ ಆರಂಭಿಸಲಿ; ಮಾಸ್ಕೋದ ದಿನಚರಿಯ ಕಥೆಯನ್ನೂ ಮರೆಯದಿರಲಿ. ಮೊದಲನೆಯದು ಪ್ರೀತಿ ಮತ್ತು ಸತ್ಯ ಒಂದೇ ಪುಟದಲ್ಲಿ ನಿಲ್ಲಬಲ್ಲವೆಂದು ತೋರಿಸುತ್ತದೆ. ಪ್ರೀತಿ ಸತ್ಯವನ್ನು ಐವತ್ತು ವರ್ಷ ಪೆಟ್ಟಿಗೆಯಲ್ಲಿಟ್ಟರೆ ಎಷ್ಟು ತಡವಾಗುತ್ತದೆಂಬುದನ್ನು ಎರಡನೆಯದು ತಿಳಿಸುತ್ತದೆ.